ಮೈಸೂರು, ಮಂಡ್ಯದಲ್ಲಿದ್ದುಕೊಂಡೇ ಪೋಷಕ ನಟರಾಗುವುದು ಹೇಗೆ

ಹೀರೋ ಆಗಬೇಕು ಅಂತ ಕನಸು ಕಟ್ಟಿರುವವರಿಗೆ ಇದು ಉಪಯೋಗಕ್ಕೆ ಬರಲ್ಲ. ಅದರ ದಾರಿ ಬೇರೆ, ಖರ್ಚೂ ಬೇರೆ. ಅಪ್ಪ, ಸೋದರಮಾವ, ಮೇಷ್ಟ್ರು, ಪೇದೆ, ಬಡ್ಡಿ ಸಾಹುಕಾರ, ಜಗಳಗಂಟಿ ಅತ್ತೆ, ಒಂದೇ ಸೀನ್‌ಗೆ ಬಂದು ಹೋಗುವ ವಕೀಲ, ಇಂಥ ಪಾತ್ರಗಳನ್ನು ಸಿನಿಮಾದಲ್ಲೂ ಸೀರಿಯಲ್‌ನಲ್ಲೂ ಮಾಡಿಕೊಂಡು ಹತ್ತಿಪ್ಪತ್ತು ವರ್ಷ ಉಳಿಯಬೇಕು ಅನ್ನುವವರಿಗೆ ಇದನ್ನು ಬರೆಯುತ್ತಿದ್ದೇನೆ. ಅದರಲ್ಲೂ ಮೈಸೂರು, ಮಂಡ್ಯ ಕಡೆ ಮನೆ, ಸಂಸಾರ, ಚೂರುಪಾರು ಜಮೀನು ಅಥವಾ ಕೆಲಸ ಇಟ್ಟುಕೊಂಡಿರುವವರಿಗೆ.

ಮೊದಲು ಕೆಲಸ ಏನು ಅಂತ ತಿಳಿದುಕೊಳ್ಳಿ. ಪೋಷಕ ನಟ ಅಂದರೆ ಚಿಕ್ಕ ಪಾತ್ರ ಮಾಡುವವನು ಅಂತ ಜನ ಅಂದುಕೊಳ್ಳುತ್ತಾರೆ. ಎದುರಿಗಿರುವವರ ಸೀನ್ ನಿಲ್ಲುವ ಹಾಗೆ ಮಾಡುವುದು ಅವನ ಕೆಲಸ. ನಮ್ಮ ಮೈಸೂರಿನ ಕೆ.ಎಸ್. ಅಶ್ವತ್ಥ್ ಅವರನ್ನೇ ನೋಡಿ. 1972ರ 'ನಾಗರಹಾವು' ಚಿತ್ರದಲ್ಲಿ ರಾಮಾಚಾರಿ ಎಲ್ಲರ ಮೇಲೂ ಎಗರಾಡುತ್ತಾನೆ, ಯಾರ ಮಾತೂ ಕೇಳಲ್ಲ. ಆದರೂ ನಮಗೆ ಅವನ ಮೇಲೆ ಕೋಪ ಬರಲ್ಲ, ಯಾಕೆ? ಅಶ್ವತ್ಥ್ ಮಾಡಿದ ಚಾಮಯ್ಯ ಮೇಷ್ಟ್ರು ಅವನನ್ನು ನೋಡುವ ರೀತಿ ಇದೆಯಲ್ಲ, ಅದರಿಂದ. ಈ ಹುಡುಗ ಒಳಗೆ ಒಳ್ಳೆಯವನು ಅಂತ ಯಾರೂ ಬಾಯಿಬಿಟ್ಟು ಹೇಳಬೇಕಾಗಿಲ್ಲ, ಮೇಷ್ಟ್ರ ಕಣ್ಣು ಹೇಳುತ್ತದೆ. ಅವರನ್ನು ತೆಗೆದು ನೋಡಿ, ರಾಮಾಚಾರಿ ಬರೀ ಒಬ್ಬ ಪುಂಡ ಅಷ್ಟೇ. ಮುಂದೆ ನಾನು ಹೇಳುವ ತಯಾರಿ, ಭಾಷೆ, ಸೆಟ್ಟಿನ ಶಿಸ್ತು ಎಲ್ಲ ಇದಕ್ಕೇ ಬಂದು ಸೇರುತ್ತದೆ.

ಬೆಂಗಳೂರಿಗೆ ಈಗಲೇ ಗಂಟುಮೂಟೆ ಕಟ್ಟಬೇಡಿ

ಪೀಜಿ ಬಾಡಿಗೆ ಕಟ್ಟಿಕೊಂಡು ಅಲ್ಲಿ ಕೂತರೆ ಅವಕಾಶ ಹುಡುಕಿಕೊಂಡು ಬರುತ್ತದೆ ಅನ್ನುವುದು ಸುಳ್ಳು. ಕಲಿಯುವುದಕ್ಕೆ ಇಲ್ಲೇ ಜಾಸ್ತಿ ಅನುಕೂಲ ಇದೆ. ಬಿ.ವಿ. ಕಾರಂತರು 1989ರಲ್ಲಿ ಶುರು ಮಾಡಿದ ನಾಟಕ ಸಂಸ್ಥೆ ರಂಗಾಯಣ ಮೈಸೂರಿನ ಕಲಾಮಂದಿರದ ಆವರಣದಲ್ಲೇ ಇದೆ. ಅವರ ರಂಗಶಿಕ್ಷಣ ಕೇಂದ್ರದಲ್ಲಿ ಒಂದು ವರ್ಷದ ಡಿಪ್ಲೊಮಾ ಇದೆ. ರಂಗಾಯಣ ರಘು ಅವರ ಹೆಸರಿಗೆ ಅಂಟಿಕೊಂಡಿರುವುದೂ ಇದೇ ಸಂಸ್ಥೆ. ಮಂಡ್ಯ ರಮೇಶ್ ನೀನಾಸಂ ನಾಟಕ ಶಾಲೆಯಲ್ಲಿ ಕಲಿತು, ರಂಗಾಯಣದಲ್ಲಿದ್ದು, ಆಮೇಲೆ ಮೈಸೂರಿನಲ್ಲೇ 'ನಟನ' ಅನ್ನುವ ರಂಗಶಾಲೆ ಕಟ್ಟಿದರು. ಅವರು ಸಿನಿಮಾ, ಟೀವಿ ಕಾಮಿಡಿ, ನಾಟಕ ಮೂರನ್ನೂ ಮಾಡುತ್ತಾ ಊರು ಬಿಡದೇ ಇದ್ದಾರೆ, ಅದನ್ನು ಗಮನಿಸಿ. ಕೆಲಸದಲ್ಲಿರುವವರು ಇಂಥ ಕಡೆ ವಾರಾಂತ್ಯದ ತರಗತಿ ಇದೆಯಾ ಅಂತ ಹೋಗಿ ಕೇಳಿ. ಮಾನಸಗಂಗೋತ್ರಿಯ ಲಲಿತಕಲಾ ಕಾಲೇಜಿದೆ, ಊರಲ್ಲಿ ಹವ್ಯಾಸಿ ತಂಡಗಳು ಇನ್ನೂ ಇವೆ. ಒಂದು ವರ್ಷ ಮನೆ ಬಿಟ್ಟಿರಬಹುದು ಅನ್ನುವವರು ಹೆಗ್ಗೋಡಿನ ನೀನಾಸಂಗೆ ಅರ್ಜಿ ಹಾಕಿ. ಅಚ್ಯುತ್ ಕುಮಾರ್ ಅಲ್ಲಿಂದಲೇ ಬಂದವರು.

ತಂಡಕ್ಕೆ ಸೇರಿದ ಕೂಡಲೇ ದೊಡ್ಡ ಪಾತ್ರ ಕೇಳಬೇಡಿ. ರಾಜನ ಪಕ್ಕ ನಿಲ್ಲುವ ಸೇವಕನ ಪಾತ್ರ ಕೊಟ್ಟರೆ ಖುಷಿಯಿಂದ ತೊಗೊಳ್ಳಿ. ಮುಕ್ಕಾಲು ಗಂಟೆ ಮಾತಿಲ್ಲದೆ ರಂಗದ ಮೇಲೆ ನಿಂತು, ಎದುರಿನವರ ಮಾತನ್ನು ಪ್ರತಿ ಸಲವೂ ಹೊಸದಾಗಿ ಕೇಳಿಸಿಕೊಳ್ಳುವುದು ನಿಜಕ್ಕೂ ಕಷ್ಟ. ಮುಂದೆ ಕ್ಯಾಮೆರಾ ಮುಂದೆ ನಿಮಗೆ ಅನ್ನ ಹಾಕುವುದು ಅದೇ.

ಆಕಾಶವಾಣಿ ಮೈಸೂರನ್ನು ಮರೆಯಬೇಡಿ. ಅಶ್ವತ್ಥ್ ಅವರೂ ರೇಡಿಯೋ ನಾಟಕ ಮಾಡಿದವರೇ. ಆಡಿಷನ್ ಕರೆದಾಗ ಹೋಗಿ. ಪಾಸಾದರೆ ಗ್ರೇಡ್ ಕೊಡುತ್ತಾರೆ. ಸಂಭಾವನೆ ಜಾಸ್ತಿ ಏನಿಲ್ಲ, ಆದರೆ ಮುಖ, ಕೈ, ವೇಷ ಏನೂ ಇಲ್ಲದೆ ಬರೀ ಉಸಿರು ಮತ್ತು ದನಿಯಲ್ಲಿ ವಯಸ್ಸು ತೋರಿಸುವುದು ಅಲ್ಲಿ ಬರುತ್ತದೆ. ಡಬ್ಬಿಂಗ್ ಥಿಯೇಟರ್‌ನಲ್ಲಿ ಇದು ಎಷ್ಟು ಉಪಯೋಗಕ್ಕೆ ಬರುತ್ತದೆ ಅಂತ ಹೋದ ಮೇಲೆ ನಿಮಗೇ ಗೊತ್ತಾಗುತ್ತದೆ.

ಮಂಡ್ಯದ ಹಳ್ಳಿ ಕಡೆಯವರಿಗೆ ಇನ್ನೊಂದು ಶಾಲೆ ಇದೆ, ಅದನ್ನು ಶಾಲೆ ಅಂತ ಯಾರೂ ಕರೆಯಲ್ಲ ಅಷ್ಟೇ. ಪೌರಾಣಿಕ ನಾಟಕ. ಹಾರ್ಮೋನಿಯಂ ಮೇಷ್ಟ್ರನ್ನು ಗೊತ್ತು ಮಾಡಿಕೊಂಡು, ತಿಂಗಳುಗಟ್ಟಲೆ ರಾತ್ರಿ ಹೊತ್ತು ಪ್ರಾಕ್ಟೀಸ್ ಮಾಡಿ, ದುರ್ಯೋಧನನಿಗೆ ಇಷ್ಟು ಕೃಷ್ಣನಿಗೆ ಇಷ್ಟು ಅಂತ ಪಾತ್ರಧಾರಿಗಳೇ ಕೈಯಿಂದ ದುಡ್ಡು ಹಾಕಿ, ಸೀನರಿ ಬಾಡಿಗೆಗೆ ತಂದು ಬೆಳಗಿನವರೆಗೆ ಕುರುಕ್ಷೇತ್ರ ಆಡುವ ಊರುಗಳು ಈಗಲೂ ಬೇಕಾದಷ್ಟಿವೆ. ಅದರಿಂದ ಗಂಟಲು ಬರುತ್ತದೆ, ನೆನಪಿನ ಶಕ್ತಿ ಬರುತ್ತದೆ, ಸಾವಿರ ಜನರ ಮುಂದೆ ನಿಲ್ಲುವ ಧೈರ್ಯ ಬರುತ್ತದೆ. ಆದರೆ ಕ್ಯಾಮೆರಾ ಮುಂದೆ ಅದರಲ್ಲಿ ಅರ್ಧವನ್ನು ಬಿಚ್ಚಿಡಬೇಕು. ಹಿಂದಿನ ಸಾಲಿನ ಅಜ್ಜಿಗೆ ಕಾಣಲಿ ಅಂತ ಎತ್ತಿದ ಹುಬ್ಬು ಕ್ಲೋಸ್ ಶಾಟ್‌ನಲ್ಲಿ ವಿಕಾರವಾಗಿ ಕಾಣುತ್ತದೆ. ಒಂದು ಅಭ್ಯಾಸ ಹೇಳುತ್ತೇನೆ. ನಾಟಕದ ಒಂದು ಮಾತನ್ನು ಮೊದಲು ಪೂರ್ತಿ ಗಂಟಲಿನಲ್ಲಿ ಹೇಳಿ. ಆಮೇಲೆ ಅದೇ ಮಾತನ್ನು, ಅದೇ ಸಿಟ್ಟಿನಲ್ಲಿ, ಪಕ್ಕದ ಕೋಣೆಯಲ್ಲಿ ಮಗು ಮಲಗಿದೆ ಅಂದುಕೊಂಡು ಹೇಳಿ. ದನಿ ಇಳಿಯಲಿ, ಸಿಟ್ಟು ಇಳಿಯಬಾರದು. ಮೊಬೈಲ್‌ನಲ್ಲಿ ರೆಕಾರ್ಡ್ ಮಾಡಿ ನೋಡಿ.

ವಯಸ್ಸಾಯಿತು ಅನ್ನುವ ಚಿಂತೆ ಈ ಕೆಲಸದಲ್ಲಿ ಬೇಡ. ದತ್ತಣ್ಣ ವಾಯುಪಡೆಯಲ್ಲಿ ವಿಂಗ್ ಕಮಾಂಡರ್ ಆಗಿದ್ದವರು, ಸಿನಿಮಾಕ್ಕೆ ಬಂದಿದ್ದು ನಲವತ್ತು ದಾಟಿದ ಮೇಲೆ. ಆಮೇಲೆ ರಾಷ್ಟ್ರಪ್ರಶಸ್ತಿಯನ್ನೂ ತೊಗೊಂಡರು.

ಮಂಡ್ಯ ಭಾಷೆ ಬರುತ್ತಾ?

ಆಡಿಷನ್‌ನಲ್ಲಿ ಈ ಕಡೆಯವರಿಗೆ ಕೇಳುವ ಮೊದಲ ಪ್ರಶ್ನೆ ಇದು. ಬರುತ್ತೆ ಅಂದ ಕೂಡಲೇ ಒಂದು 'ಏನ್ಲಾ', ನಾಲ್ಕು 'ಕನಾ' ಸೇರಿಸಿ ಜೋರಾಗಿ ಕೂಗಿಬಿಡುತ್ತಾರೆ. ಕೂತವರು ನಗುತ್ತಾರೆ, ಕೆಲಸವೂ ಸಿಗಬಹುದು. ಆದರೆ ಅಲ್ಲಿಂದ ಮುಂದೆ ನೀವು ಪಂಚೆ ಎತ್ತಿ ಕಟ್ಟಿ ಬೈಯುವ ಗೌಡನ ಪಾತ್ರಕ್ಕೇ ಮೀಸಲು. ನಮ್ಮ ಭಾಷೆಯನ್ನು ಸುಮ್ನೆ ಕಾಮಿಡಿಗೆ ಬಳಸಿ ಬಳಸಿ ಹಾಳು ಮಾಡಿದ್ದಾರೆ ಅನ್ನುವ ಬೇಜಾರು ನನಗಿದೆ. ಮಳವಳ್ಳಿಯ ಒಬ್ಬ ತಾಯಿ ಮಗನಿಗೆ ಊಟಕ್ಕೆ ಬಡಿಸುತ್ತಾ 'ಉಣ್ಣಪ್ಪ, ಇನ್ನೊಸಿ ಆಕ್ಲಾ' ಅನ್ನುವಾಗ ಇರುವ ಮೆದು ದನಿಯನ್ನು ತೆರೆಯ ಮೇಲೆ ತಂದವರು ಕಡಿಮೆ.

2015ರ 'ತಿಥಿ' ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನಲ್ಲಿ, ನಟನೆ ಕಲಿಯದ ಹಳ್ಳಿಯವರನ್ನೇ ಹಾಕಿಕೊಂಡು ತೆಗೆದ ಚಿತ್ರ. ಲೊಕಾರ್ನೊದವರೆಗೆ ಹೋಗಿ ಪ್ರಶಸ್ತಿ ತಂದಿತು. ಅದರಲ್ಲಿ ಯಾರೂ ಭಾಷೆಯನ್ನು ಪ್ರದರ್ಶನಕ್ಕೆ ಇಡಲ್ಲ, ಸುಮ್ನೆ ಮಾತಾಡುತ್ತಾರೆ. ನೀವು ತರಬೇತಿ ಪಡೆದ ಮೇಲೂ ಅಷ್ಟು ಸಲೀಸಾಗಿ ಮಾತಾಡುವುದಕ್ಕೆ ಬರಬೇಕು.

ನಾನು ಹೊಸಬರಿಗೆ ಕೊಡುವ ಪಾಠ ಹೀಗಿದೆ. ಒಂದೇ ವಾಕ್ಯ ತೊಗೊಳ್ಳಿ: 'ದುಡ್ಡು ನಾಳೆ ಕೊಡ್ತೀನಿ.' ಇದನ್ನು ಕಾರ್ಖಾನೆಯಿಂದ ಕಬ್ಬಿನ ಬಾಕಿ ಬರದೆ ಕಂಗಾಲಾದ ಪಾಂಡವಪುರದ ರೈತ ಹೇಳಲಿ. ಪೆನ್ಷನ್ ಬರುವ ಸರಸ್ವತಿಪುರಂನ ನಿವೃತ್ತ ಮೇಷ್ಟ್ರು ಹೇಳಲಿ. ದೇವರಾಜ ಮಾರ್ಕೆಟ್‌ನಲ್ಲಿ ದಿನಾ ಸಾಲ ತಂದು ದಿನಾ ತೀರಿಸುವ ಹೂವಿನವಳು ಹೇಳಲಿ. ಕೊಡುವ ಮನಸ್ಸೇ ಇಲ್ಲದ ಚೀಟಿ ನಡೆಸುವವನು ಹೇಳಲಿ. ಮೊದಲನೆಯವನು ನೆಲ ನೋಡುತ್ತಾನೆ, ಮೇಷ್ಟ್ರಿಗೆ ಮರ್ಯಾದೆ ಹೋಯಿತಲ್ಲ ಅನ್ನುವ ಸಂಕಟ, ಹೂವಿನವಳು ಕೈ ಕೆಲಸ ನಿಲ್ಲಿಸದೇ ಹೇಳುತ್ತಾಳೆ, ಚೀಟಿಯವನು ಮಾತ್ರ ಕಣ್ಣಲ್ಲಿ ಕಣ್ಣಿಟ್ಟು ನಗುತ್ತಾ ಹೇಳುತ್ತಾನೆ. ನಾಲ್ಕು ಜನರ ಭಾಷೆಯೂ ಬೇರೆ, ಬೆನ್ನೂ ಬೇರೆ. ಇದು ಬಂದರೆ ಉಳಿದದ್ದು ಬರುತ್ತದೆ.

ವಯಸ್ಸಾದ ಪಾತ್ರ ಅಂದರೆ ಬೆನ್ನು ಬಗ್ಗಿಸಿ ದನಿ ನಡುಗಿಸುವುದು ಅಂತ ಎಲ್ಲರೂ ಮಾಡುತ್ತಾರೆ. ಕೆ.ಆರ್. ಆಸ್ಪತ್ರೆಯ ಹೊರಗೆ ಬೆಂಚಿನ ಮೇಲೆ ಅರ್ಧ ದಿನ ಕೂತು ನೋಡಿ. ಮಂಡಿನೋವಿನ ಮುದುಕರು ಏಳುವ ಮೊದಲೇ ಎಲ್ಲಿ ಹಿಡಿದುಕೊಳ್ಳಬೇಕು ಅಂತ ಕಣ್ಣಲ್ಲೇ ಹುಡುಕುತ್ತಾರೆ, ಆಮೇಲೆ ಕೈ ತೊಡೆ ಮೇಲೆ ಬರುತ್ತದೆ, ಆಮೇಲೆ ಮೈ ಏಳುತ್ತದೆ. ಕಬ್ಬು ಅರೆಯುವ ಕಾಲದಲ್ಲಿ ಮಂಡ್ಯದ ಮೈಶುಗರ್ ಸಕ್ಕರೆ ಕಾರ್ಖಾನೆ ಮುಂದೆ ಗಾಡಿ ಸಾಲಿನಲ್ಲಿ ಕಾಯುವವರನ್ನು ನೋಡಿ, ಕಾಯುವುದರಲ್ಲೇ ಎಷ್ಟು ಬಗೆ ಇದೆ ಅಂತ ಗೊತ್ತಾಗುತ್ತದೆ. ಕೇಳದೇ ಯಾರ ವಿಡಿಯೊನೂ ತೆಗೆಯಬೇಡಿ. ಮನೆಗೆ ಬಂದು ಪುಸ್ತಕದಲ್ಲಿ ಬರೆದಿಡಿ.

ಫೋಟೊ, ವಿಡಿಯೊ, ಮೋಸ

ಸಾವಿರಾರು ರೂಪಾಯಿ ಕೊಟ್ಟು ಸ್ಟುಡಿಯೋದಲ್ಲಿ ಪೋರ್ಟ್‌ಫೋಲಿಯೊ ಮಾಡಿಸುವ ಅಗತ್ಯ ಇಲ್ಲ. ಕೂಲಿಂಗ್ ಗ್ಲಾಸ್ ಹಾಕಿ ಬೈಕ್ ಮೇಲೆ ಒರಗಿದ ಫೋಟೊ ನೋಡಿದರೆ ಯಾರೂ ನಿಮಗೆ ಗ್ರಾಮಲೆಕ್ಕಿಗನ ಪಾತ್ರ ಕೊಡಲ್ಲ. ಬೆಳಗಿನ ಬೆಳಕಲ್ಲಿ, ಮೇಕಪ್ ಇಲ್ಲದೆ, ಎದುರಿಂದ ಒಂದು, ಪಕ್ಕದಿಂದ ಒಂದು, ಪೂರ್ತಿ ನಿಂತಿದ್ದು ಒಂದು. ಗಡ್ಡ ಬಿಟ್ಟಾಗ, ತೆಗೆದಾಗ ಬೇರೆ ಬೇರೆ. ಬಿಳಿ ಕೂದಲಿಗೆ ಬಣ್ಣ ಹಚ್ಚದ ಫೋಟೊನೂ ಇರಲಿ, ಬಿಳಿ ಕೂದಲು ಈ ಕೆಲಸದಲ್ಲಿ ಆಸ್ತಿ.

ವಿಡಿಯೊ ಮೊಬೈಲ್‌ನಲ್ಲೇ ಸಾಕು. ಫೋನ್ ಅಡ್ಡ ಹಿಡಿಸಿ, ಹಿಂದೆ ಖಾಲಿ ಗೋಡೆ, ಮುಖಕ್ಕೆ ಕಿಟಕಿ ಬೆಳಕು, ಫ್ಯಾನ್ ಆಫ್. ಹೆಸರು, ಊರು, ಎತ್ತರ, ಬರುವ ಭಾಷೆ ಹೇಳಿ. ಆಮೇಲೆ ಒಂದೊಂದು ನಿಮಿಷದ ಎರಡು ತುಣುಕು, ಒಂದಕ್ಕೊಂದು ತಾಳೆಯೇ ಆಗದಂಥವು. ಹೀರೋಗಳ ಪಂಚ್ ಡೈಲಾಗ್ ಬೇಡ, ಅದನ್ನು ಹೀರೋ ನಿಮಗಿಂತ ಚೆನ್ನಾಗಿ ಹೇಳಿ ಆಗಿದೆ. ಒಂದರಲ್ಲಾದರೂ ಎದುರಿನವರ ಮಾತನ್ನು ಕೇಳಿಸಿಕೊಳ್ಳುವ ಹತ್ತು ಸೆಕೆಂಡ್ ಇರಲಿ. ಇದನ್ನು ಸಹ ನಿರ್ದೇಶಕರಿಗೆ, ಕಾಸ್ಟಿಂಗ್ ನೋಡಿಕೊಳ್ಳುವವರಿಗೆ, ಸೀರಿಯಲ್ ತಂಡದ ಮ್ಯಾನೇಜರ್‌ಗಳಿಗೆ ಕಳಿಸಿ. ದಿನಾ ಗುಡ್ ಮಾರ್ನಿಂಗ್ ಮೆಸೇಜ್ ಹಾಕಬೇಡಿ, ಬ್ಲಾಕ್ ಮಾಡುತ್ತಾರೆ. ಹೊಸ ನಾಟಕ ಇದ್ದಾಗ ಕರೆಯಿರಿ, ಹೊಸ ಫೋಟೊ ಇದ್ದಾಗ ಕಳಿಸಿ, ಅಷ್ಟೇ.

ಪಾತ್ರ ಕೊಡುತ್ತೇವೆ ದುಡ್ಡು ಕೊಡಿ ಅಂದರೆ ಅದು ಮೋಸ. ಆಡಿಷನ್ ಫೀಸು, ರಿಜಿಸ್ಟ್ರೇಷನ್, ಕಲಾವಿದರ ಕಾರ್ಡ್ ಮಾಡಿಸಿಕೊಡ್ತೀವಿ, ಮೇಕಪ್ ಡಿಪಾಸಿಟ್, ಹೆಸರು ಯಾವುದೇ ಇರಲಿ. ಕೆಲಸ ಮಾಡುವವರು ನೀವು, ದುಡ್ಡು ಬರಬೇಕಾದದ್ದು ನಿಮಗೆ, ಅಲ್ವಾ? ಹೆಣ್ಣುಮಕ್ಕಳು ಆಡಿಷನ್‌ಗೆ ಹೋಗುವಾಗ ಜಾಗದ ವಿಳಾಸ, ನಿರ್ಮಾಣ ಸಂಸ್ಥೆಯ ಹೆಸರು ಮೊದಲೇ ಕೇಳಿ, ಮನೆಯಲ್ಲಿ ಹೇಳಿ, ಜೊತೆಗೆ ಒಬ್ಬರನ್ನು ಕರೆದುಕೊಂಡು ಹೋಗಿ. ಹೋಟೆಲ್ ರೂಮಿಗೆ ಬನ್ನಿ ಅಂದರೆ ಅಲ್ಲಿಂದಲೇ ಕೈಬಿಡಿ.

ಒಮ್ಮೆಯೂ ಸೆಟ್ ನೋಡದವರು ಹತ್ತಿರದ ಶೂಟಿಂಗ್‌ನಲ್ಲಿ ಜೂನಿಯರ್ ಆರ್ಟಿಸ್ಟ್ ಆಗಿ, ಅಂದರೆ ಗುಂಪಿನಲ್ಲಿ ಒಬ್ಬರಾಗಿ, ಒಂದೆರಡು ದಿನ ನಿಂತು ಬನ್ನಿ. ಮೇಲುಕೋಟೆ, ಶ್ರೀರಂಗಪಟ್ಟಣ, ಮಹದೇವಪುರ ಕಡೆ ಶೂಟಿಂಗ್ ನಡೆಯುತ್ತಲೇ ಇರುತ್ತದೆ. ಯಾರು ಏನು ಕೆಲಸ ಮಾಡುತ್ತಾರೆ ಅಂತ ನೋಡಿಕೊಳ್ಳಿ. ಆದರೆ ಅದೇ ಗುಂಪಿನಲ್ಲಿ ವರ್ಷಗಟ್ಟಲೆ ನಿಲ್ಲಬೇಡಿ, ಮ್ಯಾನೇಜರ್ ಕಣ್ಣಲ್ಲಿ ನೀವು ಅಲ್ಲೇ ಉಳಿದುಬಿಡುತ್ತೀರಿ.

ಸೆಟ್‌ನಲ್ಲಿ

ಮೊದಲ ದಿನ ನಿಮ್ಮನ್ನು ಬೆಚ್ಚಿಬೀಳಿಸುವುದು ಪ್ರಾಂಪ್ಟಿಂಗ್. ಎಷ್ಟೋ ಸೀರಿಯಲ್ ಸೆಟ್‌ಗಳಲ್ಲಿ ಸಹ ನಿರ್ದೇಶಕರು ಕ್ಯಾಮೆರಾ ಪಕ್ಕದಲ್ಲಿ ನಿಂತು ಒಂದೊಂದೇ ಸಾಲು ಹೇಳುತ್ತಾ ಹೋಗುತ್ತಾರೆ, ನೀವು ಕೇಳಿಸಿಕೊಂಡು ನಟಿಸುತ್ತಾ ಹೇಳಬೇಕು. ಸೀನ್ ಪೇಪರ್ ಬೆಳಗ್ಗೆ ತಾನೇ ಬಂದಿರುತ್ತದೆ, ಒಂದೇ ದಿನ ಅಷ್ಟೊಂದು ಸೀನ್ ಮುಗಿಸಬೇಕು, ಬೇರೆ ದಾರಿ ಇಲ್ಲ. ನಾಟಕದವರು ಇಲ್ಲಿ ಒದ್ದಾಡುತ್ತಾರೆ. ಎದುರಿಗಿರುವ ಮಗಳನ್ನು ಬಿಟ್ಟು ಕಿವಿ ಪ್ರಾಂಪ್ಟರ್ ಕಡೆ ಹೋಗುತ್ತದೆ, ಕಣ್ಣು ಸತ್ತುಹೋಗುತ್ತದೆ. ಇದಕ್ಕೆ ಮನೆಯಲ್ಲೇ ತಯಾರಿ ಮಾಡಬಹುದು. ಮನೆಯವರಲ್ಲಿ ಒಬ್ಬರು ಪೇಪರ್ ಓದಲಿ, ನೀವು ಅವರ ಹಿಂದೆಯೇ ಅದನ್ನು ಇನ್ನೊಬ್ಬರ ಮುಖ ನೋಡಿಕೊಂಡು, ನಿಮ್ಮದೇ ಮಾತಿನ ಹಾಗೆ ಹೇಳಿ. ಶುರುವಿನಲ್ಲಿ ನಗು ಬರುತ್ತದೆ. ಬಿಡದೇ ಮಾಡಿ. ಸೆಟ್‌ನಲ್ಲಿ ಸೀನ್ ಪೇಪರ್ ಸಿಕ್ಕ ಕೂಡಲೇ ಸಾಲು ಉರು ಹೊಡೆಯುವ ಬದಲು ಈ ಸೀನ್‌ನಲ್ಲಿ ನನಗೆ ಏನು ಬೇಕು, ಎಲ್ಲಿ ನನ್ನ ಮನಸ್ಸು ತಿರುಗುತ್ತದೆ ಅಂತ ನೋಡಿಕೊಳ್ಳಿ. ಆಗ ಪ್ರಾಂಪ್ಟಿಂಗ್ ಬರೀ ನೆನಪಿಸುವ ದನಿ ಆಗುತ್ತದೆ.

ಆಮೇಲೆ ಕಂಟಿನ್ಯುಟಿ, ಅಂದರೆ ಒಂದು ಶಾಟ್‌ನಲ್ಲಿ ಇದ್ದದ್ದು ಇನ್ನೊಂದರಲ್ಲೂ ಹಾಗೇ ಇರುವುದು. ಮೊದಲು ಎಲ್ಲರೂ ಕಾಣುವ ಮಾಸ್ಟರ್ ಶಾಟ್, ಆಮೇಲೆ ಒಬ್ಬೊಬ್ಬರ ಕ್ಲೋಸ್. ಮಾಸ್ಟರ್‌ನಲ್ಲಿ ಕಾಫಿ ಲೋಟ ಯಾವ ಕೈಯಲ್ಲಿತ್ತು, ಯಾವ ಮಾತಿಗೆ ಕೂತಿರಿ, ಟವಲ್ ಯಾವ ಹೆಗಲ ಮೇಲಿತ್ತು, ಎಲ್ಲ ಕ್ಲೋಸ್‌ನಲ್ಲೂ ಹಾಗೇ ಬರಬೇಕು. ಹಾಗಾಗಿ ಮಾಸ್ಟರ್‌ನಲ್ಲಿ ಚಮತ್ಕಾರ ಮಾಡಲು ಹೋಗಬೇಡಿ. ಪದೇ ಪದೇ ಮಾಡಲು ಬರುವ ಸಣ್ಣ ಕೆಲಸ ಇಟ್ಟುಕೊಳ್ಳಿ. ಎಲೆಗೆ ಸುಣ್ಣ ಹಚ್ಚುವುದು, ಕನ್ನಡಕ ಒರೆಸುವುದು, ಇಷ್ಟು ಸಾಕು. ಅದೂ ಹೀರೋಯಿನ್ ಅಳುವ ಹೊತ್ತಲ್ಲಿ ಬೇಡ. ನೋಡುವವರ ಕಣ್ಣು ನಿಮ್ಮ ಸುಣ್ಣದ ಡಬ್ಬಿ ಕಡೆ ಹೋದರೆ ಸೀನ್ ಹಾಳು. ಎಡಿಟಿಂಗ್‌ನಲ್ಲಿ ಕತ್ತರಿ ಬೀಳುವುದು ನಿಮಗೇ.

ಈಗ ಮುಖ್ಯವಾದ ವಿಷಯ, ಕ್ಯೂ ಕೊಡುವುದು, ಅಂದರೆ ಎದುರಿನವರು ನಟಿಸಲು ಅನುಕೂಲವಾಗುವಂತೆ ನಿಮ್ಮ ಮಾತು ಹೇಳಿಕೊಡುವುದು. ಹೀರೋ ಕ್ಲೋಸ್ ತೆಗೆಯುವಾಗ ನೀವು ಫ್ರೇಮ್‌ನಲ್ಲಿ ಇರಲ್ಲ. ಎಷ್ಟೋ ಜನ ಆಗ ಹೋಗಿ ಕುರ್ಚಿ ಮೇಲೆ ಕೂರುತ್ತಾರೆ, ಇಲ್ಲ ಫೋನ್ ನೋಡುತ್ತಾರೆ. ನೀವು ಹೋಗಬೇಡಿ. ಕ್ಯಾಮೆರಾ ಪಕ್ಕ ನಿಂತು, ನಿಮ್ಮ ಕ್ಲೋಸ್‌ನಲ್ಲಿ ಎಷ್ಟು ಕೊಡುತ್ತೀರೋ ಅಷ್ಟೇ ಕೊಟ್ಟು ಮಾತು ಹೇಳಿ, ಕಣ್ಣೀರು ಬರುವ ಜಾಗವಾದರೆ ಕಣ್ಣೀರೂ ಬರಲಿ. ಜೋಡೆತ್ತಿನಲ್ಲಿ ಒಂದು ನಿಂತುಬಿಟ್ಟರೆ ನೇಗಿಲು ಓರೆಯಾಗುತ್ತದಲ್ಲ, ಹಾಗೆ ನೀವು ಸುಮ್ನೆ ಸಾಲು ಒಪ್ಪಿಸಿದರೆ ಎದುರಿನವರ ಶಾಟ್ ಓರೆಯಾಗುತ್ತದೆ. ಇದನ್ನು ನಿರ್ದೇಶಕರು ಗಮನಿಸುತ್ತಾರೆ, ಎದುರಿನ ಕಲಾವಿದರಂತೂ ಮರೆಯಲ್ಲ. ಮುಂದಿನ ಚಿತ್ರದಲ್ಲಿ 'ಆ ಅಪ್ಪನ ಪಾತ್ರಕ್ಕೆ ಅವರನ್ನೇ ಕರೀರಿ' ಅನ್ನುವ ಮಾತು ಬರುವುದು ಹೀಗೆ.

ನಿಮ್ಮ ಸರದಿ ಬಂದಾಗ ಮಾತ್ರ ಉಲ್ಟಾ. ನಿಮ್ಮ ಕ್ಲೋಸ್ ಕೊನೆಗೆ, ಸಂಜೆ, ಎಲ್ಲರೂ ಗಡಿಬಿಡಿಯಲ್ಲಿರುವಾಗ ಬರುತ್ತದೆ. ಹೀರೋ ಹೊರಟು ಹೋಗಿರಬಹುದು, ಕ್ಯೂ ಕೊಡುವುದು ಸಹ ನಿರ್ದೇಶಕ, ಹೀರೋ ಮುಖದ ಬದಲು ನೋಡಬೇಕಾದದ್ದು ಸ್ಟ್ಯಾಂಡ್‌ಗೆ ಅಂಟಿಸಿದ ಟೇಪು. ಇದು ಅನ್ಯಾಯ ಹೌದು, ಆದರೆ ಹೀಗೇ ನಡೆಯುವುದು. ಹೀರೋ ಮಾತಾಡಿದಾಗ ಮುಖ ಹೇಗಿತ್ತು ಅಂತ ಕಣ್ಣಲ್ಲಿ ಇಟ್ಟುಕೊಂಡಿದ್ದರೆ ಟೇಪು ನೋಡಿಕೊಂಡೂ ನಟಿಸಬಹುದು.

ಒಂದೇ ಪಾತ್ರಕ್ಕೆ ಅಂಟಿಕೊಳ್ಳದಿರಲು

ಒಂದು ಸೀರಿಯಲ್‌ನಲ್ಲಿ ಅಳುವ ಅಪ್ಪ ಚೆನ್ನಾಗಿ ಬಂತು ಅಂದರೆ ಮುಂದಿನ ನಾಲ್ಕು ಕರೆಯೂ ಅಳುವ ಅಪ್ಪನಿಗೇ. ಮೊದಮೊದಲು ಒಪ್ಪಿಕೊಳ್ಳಿ, ಮನೆ ನಡೆಯಬೇಕು. ಆದರೆ ಪ್ರತಿ ಸಲ ಒಂದನ್ನಾದರೂ ಬದಲಾಯಿಸಿ: ನಡಿಗೆ, ಮಾತಿನ ವೇಗ, ಸಿಟ್ಟು ಬಂದಾಗ ಕೂಗುತ್ತಾನಾ ಇಲ್ಲ ಸುಮ್ಮನಾಗುತ್ತಾನಾ. ಉಮಾಶ್ರೀ ಅವರನ್ನು ಸಿನಿಮಾದವರು ಬಹಳ ಕಾಲ ಹಾಸ್ಯಕ್ಕೇ ಕರೆದರು. ಅವರು ರಂಗದ ಮೇಲೆ 'ಒಡಲಾಳ'ದ ಸಾಕವ್ವನಾಗಿ ಜನರನ್ನು ಅಳಿಸಿದವರು. ಮುಂದೆ 'ಗುಲಾಬಿ ಟಾಕೀಸ್'ಗೆ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಬಂತು. ಸಿನಿಮಾ ಕೊಡದ ಪಾತ್ರವನ್ನು ನಾಟಕದಲ್ಲಿ ಮಾಡಿಟ್ಟುಕೊಳ್ಳಿ, ನಿರ್ದೇಶಕರನ್ನು ನಾಟಕಕ್ಕೆ ಕರೆಯಿರಿ. ಶೂಟಿಂಗ್ ಶುರುವಾದ ಮೇಲೂ ತಂಡ ಬಿಡಬೇಡಿ ಅನ್ನುವುದು ಇದಕ್ಕೇ.

ಗಡ್ಡದ ವಿಷಯ ಮೊದಲೇ ಮಾತಾಡಿಕೊಳ್ಳಿ. ಸೀರಿಯಲ್‌ಗೆ ಗಡ್ಡ ಬಿಟ್ಟರೆ ಅದು ಮುಗಿಯುವವರೆಗೂ ತೆಗೆಯುವ ಹಾಗಿಲ್ಲ, ಆ ಹೊತ್ತಿಗೆ ಸಿನಿಮಾದಲ್ಲಿ ಪೊಲೀಸ್ ಪಾತ್ರ ಬಂದರೆ ಕೈತಪ್ಪುತ್ತದೆ. ಸಾಧ್ಯವಾದರೆ ಮೀಸೆ, ಕನ್ನಡಕ, ವಿಗ್ ಹೀಗೆ ತೆಗೆದಿಡಬಹುದಾದ ಲುಕ್ ಕೇಳಿ. ತಿಂಗಳಿಗೆ ಎಷ್ಟು ದಿನ ಡೇಟ್ಸ್ (ಶೂಟಿಂಗ್‌ಗೆ ಕೊಡಬೇಕಾದ ದಿನಗಳು), ಯಾವ ವಾರ ಅಂತಲೂ ಕೇಳಿ. ಒಂದೇ ದಿನ ಇಬ್ಬರಿಗೆ ಡೇಟ್ಸ್ ಕೊಟ್ಟರೆ ಇಬ್ಬರೂ ಮತ್ತೆ ಕರೆಯಲ್ಲ.

ದುಡ್ಡು, ಓಡಾಟ

ಪೇಮೆಂಟ್ ದಿನದ ಲೆಕ್ಕ. ಒಪ್ಪಿಕೊಳ್ಳುವಾಗಲೇ ದಿನಕ್ಕೆ ಎಷ್ಟು, ಓಡಾಟದ ಖರ್ಚು ಸೇರಿದೆಯಾ ಬೇರೆಯಾ, ರಾತ್ರಿ ಶೂಟಿಂಗ್ ಆದರೆ ಹೇಗೆ, ಡಬ್ಬಿಂಗ್‌ಗೆ ಬೇರೆ ಕೊಡುತ್ತಾರಾ, ದುಡ್ಡು ಯಾವಾಗ ಬರುತ್ತದೆ, ಇಷ್ಟನ್ನೂ ಕೇಳಿ, ಆಮೇಲೆ 'ಸರ್, ನಾವು ಮಾತಾಡಿದ್ದು ಹೀಗೆ' ಅಂತ ವಾಟ್ಸಾಪ್‌ನಲ್ಲಿ ಒಂದು ಮೆಸೇಜ್ ಹಾಕಿಡಿ. ಬಾಯಿಮಾತಿಗೆ ಆಮೇಲೆ ಸಾಕ್ಷಿ ಇರಲ್ಲ. ಚಿತ್ರ ಬಿಡುಗಡೆ ಆದ ಮೇಲೆ ಕೊಡ್ತೀವಿ ಅಂದರೆ ಅದು ಬರಲ್ಲ ಅಂತಲೇ ಲೆಕ್ಕ ಹಾಕಿ, ಆಮೇಲೂ ಪಾತ್ರ ಬೇಕು ಅನ್ನಿಸಿದರೆ ಮಾಡಿ. ಸಾಮಾನ್ಯವಾಗಿ ನೂರಕ್ಕೆ 10 ಟಿಡಿಎಸ್, ಅಂದರೆ ಮುಂಗಡ ಆದಾಯ ತೆರಿಗೆ, ಹಿಡಿಯುತ್ತಾರೆ. ಪ್ಯಾನ್ ಕಾರ್ಡ್ ಕೊಡಿ, ವರ್ಷಕ್ಕೊಮ್ಮೆ ರಿಟರ್ನ್ ಹಾಕಿ, ಎಷ್ಟೋ ಜನಕ್ಕೆ ಆ ದುಡ್ಡು ವಾಪಸ್ ಬರುತ್ತದೆ. ಸರ್ಕಾರಿ ನೌಕರರಾದರೆ ಇಲಾಖೆಯ ಅನುಮತಿಯನ್ನು ಮೊದಲೇ ಬರವಣಿಗೆಯಲ್ಲಿ ತೊಗೊಳ್ಳಿ. ಟೀವಿಯಲ್ಲಿ ಮುಖ ಕಂಡ ಮೇಲೆ ಮುಚ್ಚಿಡಲು ಆಗಲ್ಲ.

ಸೀರಿಯಲ್ ಶೂಟಿಂಗ್ ನಡೆಯುವ ಮನೆಗಳು ಬೆಂಗಳೂರಿನ ಕೆಂಗೇರಿ, ರಾಜರಾಜೇಶ್ವರಿ ನಗರ ಸುತ್ತಮುತ್ತ ಇದ್ದರೆ ನಮ್ಮ ಅದೃಷ್ಟ, ಮೈಸೂರು ಕಡೆಯಿಂದ ಬರುವ ಬಹಳಷ್ಟು ರೈಲು ಕೆಂಗೇರಿಯಲ್ಲಿ ನಿಲ್ಲುತ್ತದೆ. ಆದರೆ ಬೆಳಗ್ಗೆ 7ಕ್ಕೆ ಕಾಲ್‌ಶೀಟ್ ಇದ್ದರೆ, ಅಂದರೆ ಅಷ್ಟು ಹೊತ್ತಿಗೆ ಸೆಟ್‌ನಲ್ಲಿ ಇರಬೇಕಾದರೆ, ಹಿಂದಿನ ರಾತ್ರಿಯೇ ಹೋಗಿ ಉಳಿಯಿರಿ. ಬೈಕ್ ನೆಚ್ಚಿಕೊಳ್ಳಬೇಡಿ, 2023ರ ಆಗಸ್ಟ್‌ನಿಂದ ಎಕ್ಸ್‌ಪ್ರೆಸ್‌ವೇ ಮೇಲೆ ದ್ವಿಚಕ್ರ ವಾಹನ ಬಿಡಲ್ಲ. ಸರ್ವಿಸ್ ರಸ್ತೆಯಲ್ಲಿ ಮದ್ದೂರು, ಚನ್ನಪಟ್ಟಣ ದಾಟಿ ದೂಳು ಕುಡಿದು ಹೋದರೆ ಮೇಕಪ್‌ನವರು ಅರ್ಧ ಗಂಟೆ ನಿಮ್ಮ ಮುಖ ತೊಳೆಸಬೇಕಾಗುತ್ತದೆ. ಬ್ಯಾಗಿನಲ್ಲಿ ಒಂದು ಬಿಳಿ ಪಂಚೆ, ಒಂದು ಬಿಳಿ ಶರ್ಟು, ಹಳೇ ಚಪ್ಪಲಿ, ಗಾಜಿಲ್ಲದ ಕನ್ನಡಕದ ಫ್ರೇಮು ಯಾವಾಗಲೂ ಇರಲಿ. ಕಾಸ್ಟ್ಯೂಮ್ ಬರದ ದಿನ ಇದೇ ಕಾಪಾಡುತ್ತದೆ.

ಕೆಲವು ಸಲ ಮೂರು ದಿನ ಮಾಡಿದ ಪಾತ್ರ ಎಡಿಟಿಂಗ್‌ನಲ್ಲಿ ಪೂರ್ತಿ ಹೋಗುತ್ತದೆ. ಮನೆಯವರನ್ನೆಲ್ಲ ಮೊದಲ ಶೋಗೆ ಕರೆದುಕೊಂಡು ಹೋಗುವ ಮೊದಲು ಸಹ ನಿರ್ದೇಶಕರಿಗೆ ಒಂದು ಫೋನ್ ಮಾಡಿ, ನಾನು ಇದ್ದೀನಾ ಅಂತ ಕೇಳಿಕೊಳ್ಳಿ. ಇದ್ದರೆ, ಚಿತ್ರ ಓಟಿಟಿಗೆ ಬಂದ ಮೇಲೆ ನಿಮ್ಮ ಸೀನ್‌ನ ತುಣುಕನ್ನು ತಂಡದವರಿಂದ ಕೇಳಿ ಇಸ್ಕೊಂಡು ಹಳೆಯ ಆಡಿಷನ್ ವಿಡಿಯೊ ಬದಲು ಅದನ್ನು ಕಳಿಸಲು ಶುರು ಮಾಡಿ.